ನನ್ನ ಮುಖಕ್ಕೆ ನಿನ್ನ ದನಿ

ಕುಜ್‌ಗುಂಜುಕ್, ಇಸ್ತಾಂಬುಲ್
೧೪ ನವೆಂಬರ್ ೧೯೮೮

ನನ್ನ ಗಂಟಲೇ ಆಗಿದ್ದ ಮೆಬ್ರೂರೆಗೆ,

ಇಷ್ಟು ವರ್ಷ ಸುದ್ದಿಯಿಲ್ಲದ ಶುಕೂಫೆ ಈಗೇಕೆ ಬರೆದಳು ಅಂತ ಹುಬ್ಬೇರಿಸಬೇಡ. ಬೈಯುವುದಿದ್ದರೆ ಪೂರ್ತಿ ಓದಿ ಬೈಯಿ. ನನಗೆ ನಿನ್ನ ದನಿ ಇನ್ನೊಂದು ಸಲ ಬೇಕಾಗಿದೆ ಕಣೇ.

ಅಮ್ಮನನ್ನು ನಮ್ಮೂರು ಎದಿರ್ನೆಯಿಂದ ಕರೆತಂದು ನನ್ನ ಜೊತೆ ಇಟ್ಟುಕೊಂಡಿದ್ದೇನೆ. ಕಣ್ಣು ಪೂರ್ತಿ ಹೋಗಿದೆ, ನೆನಪೂ ಅಲ್ಲಲ್ಲಿ ತೂತಾಗಿದೆ. ಈ ಚಳಿಗಾಲ ದಾಟಿದರೆ ಹೆಚ್ಚು ಅಂದಿದ್ದಾರೆ ಡಾಕ್ಟರು. ಅವಳು ಕೇಳುವುದು ಒಂದೇ: "ಶುಕೂಫೆನ ಕರೀರಿ, ಒಂದ್ಸಲ ಮಾತಾಡಿ ಹೋಗ್ತೀನಿ." ಪಕ್ಕದಲ್ಲೇ ಕೂತ ನಾನು "ಅಮ್ಮಾ, ನಾನೇ" ಅಂದರೆ ಮುಖ ಸಿಂಡರಿಸುತ್ತಾಳೆ. "ನೀನ್ಯಾರಮ್ಮ? ನನ್ನ ಮಗಳ ದನಿ ನಂಗೊತ್ತಿಲ್ವಾ? ಈ ಒಡಕು ಗಂಟ್ಲು ಅವಳ್ದಲ್ಲ" ಅನ್ನುತ್ತಾಳೆ.

ಅವಳದೇನು ತಪ್ಪು? ನಾನು ಸಿನಿಮಾ ಅಂತ ಮನೆಬಿಟ್ಟು ಓಡಿಬಂದೆ, ಅಪ್ಪ ಬಾಗಿಲು ಹಾಕಿದ. ಆಮೇಲೆ ಅಮ್ಮ ನನ್ನನ್ನು ಕಂಡದ್ದೆಲ್ಲ ಬೇಸಿಗೆಯ ಬಯಲು ಟಾಕೀಸಿನಲ್ಲಿ, ಅಪ್ಪನಿಗೆ ಹೇಳದೆ, ಸೂರ್ಯಕಾಂತಿ ಬೀಜ ಸುಲಿಯುತ್ತಾ. ಶೂಟಿಂಗಿನಲ್ಲಿ ದನಿ ಹಿಡಿಯುತ್ತಲೇ ಇರಲಿಲ್ಲ, ಆಮೇಲೆ ಸ್ಟುಡಿಯೋದಲ್ಲಿ ನೀನು ನನ್ನ ತುಟಿಗೆ ಮಾತು ತುಂಬುತ್ತಿದ್ದೆ ಅಂತ ಅವಳಿಗೆ ಯಾರು ಹೇಳಬೇಕು? ನನ್ನ ಊರ ರಾಗದ ಮಾತು ಯಾವ ನಿರ್ಮಾಪಕನಿಗೂ ಬೇಡವಾಗಿತ್ತು.

ನಾನೇನು ದೊಡ್ಡ ನಟಿಯೇ? ನಾಯಕಿಯ ಗೆಳತಿ. ಇಂಟರ್ವಲ್‌ಗೆ ಮುಂಚೆಯೇ ಕ್ಷಯ ಬಂದು ಸಾಯುವವಳು. ಆ ಕೆಮ್ಮೂ ನಿನ್ನದೇ! ವಯಸ್ಸಾಯಿತು, ಸಾಯುವ ಪಾತ್ರವೂ ಸಿಗದೆ ಹೋದಾಗ ಸಹಾಯಕ ನಿರ್ದೇಶಕಿಯಾದೆ. ಯಾರಿಗೂ ಮಾತು ಬಾಯಿಪಾಠ ಇರುತ್ತಿರಲಿಲ್ಲವಲ್ಲ. ಕ್ಯಾಮೆರಾ ಪಕ್ಕ ನಿಂತು ನಾನು ಒಂದೊಂದೇ ಮಾತು ಒದರಬೇಕು, ನಟರು ಅದನ್ನೇ ಒಪ್ಪಿಸಬೇಕು. ಒದರಿ ಒದರಿ ಇದ್ದ ಗಂಟಲೂ ಹರಿದುಹೋಯಿತು.

ಭಾನುವಾರ ಮಧ್ಯಾಹ್ನ ಟಿವಿಯಲ್ಲಿ ನಮ್ಮ ಹಳೇ ಚಿತ್ರ ಹಾಕುತ್ತಾರೆ. ನಿನ್ನೆ ನಾನು ಅಡುಗೆಮನೆಯಲ್ಲಿ ಬೇಳೆ ಸೂಪು ತಿರುವುತ್ತಿದ್ದೆ. "ಅಮ್ಮಾ, ಚಳಿ ಆಗ್ತಿದೆ" ಅಂತ ಒಳಗಿನಿಂದ ನಿನ್ನ ದನಿಯಲ್ಲಿ ನಾನೇ ಕೂಗಿದ ಹಾಗಾಯಿತು. ಓಡಿಹೋಗಿ ನೋಡಿದರೆ ಅಮ್ಮ ತಡಕಾಡುತ್ತಾ ಟಿವಿಗೆ ತನ್ನ ಶಾಲು ಹೊದಿಸುತ್ತಿದ್ದಾಳೆ! "ಬಂದ್ಯಾ ಕಂದಾ? ಹೊದ್ಕೋ, ಹೊದ್ಕೋ" ಅಂತ ಗಾಜು ಸವರುತ್ತಿದ್ದಾಳೆ. ಶಾಲಿನ ಅಂಚಿನಡಿ ಹರೆಯದ ನಾನು ಸಾಯುತ್ತಿದ್ದೆ. ನಾನು ಬಾಗಿಲಲ್ಲೇ ನಿಂತೆ, ಒಳಗೆ ಹೋಗಲು ಧೈರ್ಯ ಬರಲಿಲ್ಲ. ಈ ಮನೆಯಲ್ಲಿ ದೆವ್ವ ಅಂತ ಇದ್ದರೆ ಅದು ನಾನೇ ಅನ್ನಿಸಿಬಿಟ್ಟಿತು.

ಚಿತ್ರ ಮುಗಿಯಿತು. "ಮತ್ತೆ ಹೋದ್ಲಾ? ನನ್ಹತ್ರ ಮಾತೇ ಆಡ್ಲಿಲ್ಲ" ಅಂತ ಸಂಜೆಯವರೆಗೂ ಅತ್ತಳು.

ನಿನ್ನ ಮೇಲೆ ಹೊಟ್ಟೆ ಉರಿಯುತ್ತದೆ, ಸುಳ್ಳೇಕೆ ಹೇಳಲಿ. ಆದರೂ ಬಾ. ನಮ್ಮ ಹಳೇ ಪದ್ಧತಿಯಂತೆಯೇ ಮಾಡೋಣ. ನಾನು ನಿನ್ನ ಕಿವಿಯಲ್ಲಿ ಪಿಸುಗುಡುತ್ತೇನೆ, ನೀನು ಅವಳಿಗೆ ಹೇಳು. ಈ ಸಲ ಮಾತು ಮಾತ್ರ ನನ್ನದೇ, ಯಾವ ಕಥೆಗಾರನದೂ ಅಲ್ಲ. ಬಹಳ ಏನಿಲ್ಲ: "ಅಮ್ಮಾ, ಬಂದೆ. ಇನ್ನು ಎಲ್ಲೂ ಹೋಗಲ್ಲ." ಅಷ್ಟೇ. ನಾಯಕಿಯರಿಗೆ ಅತ್ತ ಹಾಗೆ ಅಳಬೇಡ ಮತ್ತೆ, ನಾನು ಅಷ್ಟೊಂದು ಅಳುವವಳಲ್ಲ ಅಂತ ಅವಳಿಗೆ ನೆನಪಿದ್ದರೂ ಇರಬಹುದು.

ದೋಣಿ ಇಳಿದು ಬೇಕರಿ ಹಿಂದಿನ ಏರು ಹತ್ತು. ಹಸಿರು ಬಾಗಿಲಿನ ಮನೆ.

ನಿನ್ನ ಮೂಕಿ,
ಶುಕೂಫೆ

ಮರೆತ ಮಾತು: ಲಕೋಟೆ ಅಂಟಿಸುವಷ್ಟರಲ್ಲಿ ಅಮ್ಮ ಕರೆದಳು. ಅವಳ ಅಂಗೈಗೆ ನಿಂಬೆ ಪರಿಮಳದ ಕಲೋನು ಹಾಕಿ ತಿಕ್ಕುತ್ತಿದ್ದೆ, ನನ್ನ ಬೆರಳು ಹಿಡಿದವಳು ಬಿಡಲೇ ಇಲ್ಲ. "ಏ ತಾಯಿ, ನನ್ನ ಮಗಳು ಬಂದಾಗ ನೀನು ಎದ್ದು ಹೋಗ್ಬೇಡ. ಅವಳು ಮಾತಾಡ್ಲಿ. ಕೈ ಮಾತ್ರ ನೀನೇ ಹಿಡ್ಕೊಂಡಿರು" ಅಂದಳು. ಆಗಲಿ ಅಂದೆ. ನೀನು ಬೇಗ ಬಾ.