ರಖ್ ಲ್ಯೋ ಅಂದ್ರ ಏನು

12 ಮಾರ್ಚ್ 1981, ಮಾನ್ವಿ
ಕುರ್ಡಿಯಿಂದ ಬಂದ ಎಮ್ಮಿ ಸೂಜಿ ನೋಡಿದ್ದ ತಡ ಒದ್ದುಬಿಡ್ತು. ಮೊಣಕಾಲು ಬಾತದ. ಪಶು ಆಸ್ಪತ್ರಿ ಕಂಪೌಂಡರ್‌ನ ಹಣೇಬರಹ... ಇರ್ಲಿ.
ಮನಿಗೆ ಬಂದ್ರ ಬಾಜು ಮನಿ ಮುಂದ ಪೊಲೀಸ್. ನೂರ್ ಬೀ ಬಾಗಿಲ್ದಾಗ ಅಳಾಕತ್ತಾಳ. ಗಂಡ ಇಲ್ಲದಾಕಿ, ಬ್ಲೌಸ್ ಹೊಲಿದು ಹೊಟ್ಟಿ ಹೊರಿಯಾಕಿ. ಮೈದುನ ಗುಲಾಮ್ ದಸ್ತಗೀರ್ ಕಂಪ್ಲೇಂಟ್ ಕೊಟ್ಟಾನ. ಮೂರು ವರ್ಷದ ಹಿಂದ ಮುಂಬೈಗೆ ಹೋಗುವಾಗ ತನ್ನ ಹೊಲಿಗಿ ಮಷೀನ್ ಆಕಿ ಮನ್ಯಾಗ ಇಳಿಸಿ ಹೋಗಿದ್ದ. ಈಗ ಬಂದು ಕೇಳಿದ್ರ ಮಷೀನ್ ಇಲ್ಲ. ಮಗಳು ಖತೀಜಾನ ಮದುವ್ಯಾಗ ದೇವದುರ್ಗಕ್ಕ ಕಳಿಸ್ಯಾಳ.
"ನನಗ ಕೊಟ್ಟದ್ದು" ಅಂತಾಳ ಆಕಿ. "ಅಮಾನತ್! ವಾಪಸ್ ಕೊಡೋ ಮಾಲು" ಅಂತಾನ ಅವ. ಸಾಕ್ಷಿ ಯಾರು ಅಂದ್ರ ಇಬ್ರೂ ನನ್ನ ಕಡೆನೇ ಬೊಟ್ಟು ಮಾಡಿದ್ರು. ಎಲಾ ಇವರ!

13 ಮಾರ್ಚ್
ನೆನಪು ಮಾಡ್ಕೊಳ್ಳಾಕತ್ತೀನಿ. ಕಟ್ಟಿ ಮ್ಯಾಲ ಕೂತು ಗಡ್ಡ ಕೆರ್ಕೊಳ್ಳಾಕತ್ತಿದ್ದೆ. ಬಂಡಿಯಿಂದ ಮಷೀನ್ ಇಳಿಸಿದ್ರು. ದಸ್ತಗೀರ್ ಏನೋ ಅಂದ, ಆಮ್ಯಾಲ "ರಖ್ ಲ್ಯೋ ಭಾಬಿ" ಅಂದ. ಇಟ್ಕೋ ಅಂತ. ಆ "ಏನೋ" ಏನು? ಅಷ್ಟೊತ್ತಿಗೆ ಎದುರಿನ ಹಿಟ್ಟಿನ ಗಿರಣಿ ಚಾಲೂ ಆಗಿತ್ತು... ಆಗಿತ್ತೋ, ಆಮ್ಯಾಲ ಆತೋ.
ಇಟ್ಕೋ ಅಂದ್ರ ಕಾಯ್ದಿಡು ಅಂತಾನೋ, ನಿನಗ ಇರ್ಲಿ ಅಂತಾನೋ?

ಐತವಾರ, ಸಂಜಿ
ಹೆಂಡ್ತಿ ಮುದುಕಮ್ಮನ ಸಂಗಡ ಸಂತಿಗೆ ಹೋಗಿದ್ದೆ. ಆಕಿ ಬಳಿಗಾರ್ತಿ ಹಂತೇಲಿ ಚೀಲ ಇಟ್ಟು "ಇಟ್ಕೋ ತಂಗಿ" ಅಂದ್ಳು. ತಿರುಗಿ ಬಂದು ಚೀಲ ತಗೊಂಡು, ಆಕಿ ಕೂಸಿಗೆ ಬಾಳಿಹಣ್ಣು ಕೊಟ್ಟು ಮತ್ತ "ಇಟ್ಕೋ" ಅಂದ್ಳು. ಒಂದ ಬಾಯಿ, ಒಂದ ಮಾತು!
"ಯಾಕ ಹಂಗ ಬಾಯಿ ತಕ್ಕೊಂಡು ನೋಡಾಕತ್ತೀರಿ? ಪಿತ್ತ ಏರೇತೇನು?"
ಏರೇದ.

4 ಏಪ್ರಿಲ್
ಪೊಲೀಸ್ರು ದೇವದುರ್ಗಕ್ಕ ಹೋಗಿ ಮಷೀನ್ ಜಪ್ತಿ ಮಾಡ್ಕೊಂಡು ಬಂದ್ರು. ಮರುದಿನದ ಬಸ್ಸಿಗೆ ಖತೀಜಾನೂ ಬಂದ್ಳು. ಅತ್ತಿಮನಿಯವ್ರು ಕಳಿಸಿಬಿಟ್ಟಾರ — ಮಷೀನ್ ತಿರುಗಿ ಬಂದ ದಿನ ನೀನೂ ಬಾ ಅಂತ. ಹುಡುಗಿ ಬಸುರಿ. ನೂರ್ ಬೀ ಅಳೋದ ಬಿಟ್ಟಾಳ. ಅದ ಹೆದರಿಕಿ.

9 ಜನವರಿ 1982, ರಾಯಚೂರು
ಸರ್ಕಾರಿ ವಕೀಲರು ಕೋರ್ಟಿನ ಹೊರಗ ಹಿಡಕೊಂಡ್ರು. "ಮಷೀನ್ ಆಕಿ ಕಡೆ ಬಂದದ್ದು ಖರೆ. ಮಗಳಿಗೆ ಕೊಟ್ಟದ್ದೂ ಖರೆ. ಅಷ್ಟಕ್ಕ ಗುನ್ಹೆ ಆಗಂಗಿಲ್ಲ. ನಂಬಿ ಒಪ್ಪಿಸಿದ್ದು ಅಂತ ಮೊದಲು ಸಾಬೀತಾಗ್ಬೇಕು, ಮೋಸದ ಮನಸಿತ್ತು ಅಂತ ಆಮ್ಯಾಲ. 'ನಾ ಬರೋತನಕ' ಅಂದಿದ್ನೋ ಇಲ್ಲೋ?"
"ಗಿರಣಿ ನಡೆದಿತ್ರಿ."
"ಗಿರಣಿ ಬಿಡ್ರಿ ಮಾರಾಯ್ರ!"
ಚಾದಂಗಡ್ಯಾಗ ದಸ್ತಗೀರ್ ಕೈ ಹಿಡಕೊಂಡ. ಬಡಕಲಾಗ್ಯಾನ. "ವೆಂಕಣ್ಣ, ಇದ್ದದ್ದ ಹೇಳ್ರಿ, ಸಾಕು. ಊರಿಗೆ ಬಂದು ಆ ಮಷೀನ್ ಮ್ಯಾಲ ಅಂಗಡಿ ಹಾಕ್ಬೇಕಂತ ಮುಂಬೈ ಫುಟ್‌ಪಾತ್ ಮ್ಯಾಲ ಮಲಗೀನಿ." ಆ ಕಡೆ ಬೇವಿನ ಗಿಡದ ಕೆಳಗ ಖತೀಜಾ. ತೊಡಿ ಮ್ಯಾಲ ಕೂಸು. ನನ್ನ ಕಡೆ ನೋಡ್ಲಿಲ್ಲ ಪುಣ್ಯಾತ್ಗಿತ್ತಿ.
ಇದ್ದದ್ದು ಅಂದ್ರ ಯಾವುದು?

ಅದ ದಿನ, ಬಸ್ಸಿನ್ಯಾಗ
ಹೇಳಿ ಬಂದೆ. "ರಖ್ ಲ್ಯೋ ಅಂದ. ಅದಕ್ಕ ಮುಂಚೆ ಏನೋ ಅಂದ, ಕೇಳಿಸಲಿಲ್ಲ." ಹಂಗಂದ್ರ ಏನು ಅಂದ್ರು ಜಡ್ಜ್ ಸಾಹೇಬ್ರು. "ಇಟ್ಕೋ ಅಂತ್ರಿ." "ಇಟ್ಕೋ ಅಂದ್ರ?" "ನನಗ ತಿಳಿದಿದ್ರ ನಿಮ್ಮ ತನಕ ಯಾಕ ಬರ್ತಿದ್ನಿ ಸಾಹೇಬ್ರ" ಅಂದೆ. ಎಲ್ರೂ ನಕ್ರು. ದಸ್ತಗೀರ್ ನಗಲಿಲ್ಲ.

3 ಫೆಬ್ರವರಿ
ಖುಲಾಸೆ. ಒಪ್ಪಿಸಿದ್ದು ಸಾಬೀತಾಗ್ಲಿಲ್ಲ, ಸಂಶಯದ ಲಾಭ ಆಕಿಗೆ. ಮಷೀನ್ ಆಕಿಗೇ ವಾಪಸ್ ಅಂತ ಹುಕುಂ. ಮುದುಕಮ್ಮ ಸಜ್ಜಕ ಮಾಡಿದ್ಳು. ಬಾಯಾಗ ಹಾಕಿದ್ರ ರುಚಿನೇ ಹತ್ತವಲ್ದು.

11 ಫೆಬ್ರವರಿ
ಬಸ್ ಸ್ಟ್ಯಾಂಡ್. ದೇವದುರ್ಗದ ಬಸ್ಸಿನ ಮ್ಯಾಲ ಮಷೀನ್ ಕಟ್ಟಿದ್ರು. ಖತೀಜಾ ಕೂಸು ಕಟ್ಕೊಂಡು ಕಿಟಕಿ ಹಂತೇಲಿ ಕೂತಿದ್ಳು. ನಕ್ಕೊಂತ ಕೈ ಮಾಡಿದ್ಳು. ಜೀವ ತಣ್ಣಗಾತು, ಸುಳ್ಯಾಕ ಹೇಳ್ಲಿ.
ಬಸ್ ಹೋದ ಮ್ಯಾಲ ನೂರ್ ಬೀ ಸೆರಗು ಬಾಯಿಗೆ ಹಿಡಕೊಂಡು ಅಂದ್ಳು: "ನಿಮ್ಮ ಉಪಕಾರ ಮರಿಯಂಗಿಲ್ಲ ಅಣ್ಣಾ. 'ಮೈ ಆಯೆ ತಲಕ್' ಅಂದಿದ್ನಲ್ರಿ ಅವ, ನಾ ಬರೋತನಕ ಅಂತ. ಅದೊಂದು ನೀವು ಹೇಳ್ಲಿಲ್ಲ."
"ನನಗ ಕೇಳಿಸಿರ್ಲಿಲ್ಲ ಯವ್ವಾ!"
"ಹೌದ್ರೀ?" ಅಂತ ಮಾರಿ ನೋಡಿದ್ಳು. ಆಮ್ಯಾಲ ತಾನ ಅಂದ್ಳು, "ಮೂರು ವರ್ಷ ಒಂದು ಸುದ್ದಿ ಇಲ್ರಿ. ಸತ್ತಾನಂತ ಅತ್ತೂ ಮುಗಿಸಿದ್ವಿ. ಹುಡುಗಿ ಮದುವಿ ಬಂತು..."
ಹಂಗಾದ್ರ ಮೋಸ ಹೌದೋ ಅಲ್ಲೋ? ನನಗ ಕೇಳಿಸಿತ್ತೋ ಇಲ್ಲೋ? ಈಗ ಕಣ್ಣು ಮುಚ್ಚಿದ್ರ ಗಿರಣಿ ಸದ್ದೂ ಕೇಳ್ತದ, 'ಆಯೆ ತಲಕ್' ಅನ್ನೋದೂ ಕೇಳ್ತದ.

2 ಮೇ
ದಸ್ತಗೀರ್ ಬಂದಿದ್ದ. ಮತ್ತ ಮುಂಬೈಗೆ ಹೊಂಟಾನಂತ. ತಲಿ ಮ್ಯಾಲ ಟ್ರಂಕು. ನಮ್ಮ ಪಡಸಾಲ್ಯಾಗ ಇಳಿಸಿದ.
"ಇಲ್ಲ್ಯಾಕೋ?" ಅಂದೆ.
"ಊರಾಗ ಮತ್ಯಾರದಾರ ನನಗ? ನಿಮಗ ಕೇಳಿಸಲಿಲ್ಲ, ಕೇಳಿಸಲಿಲ್ಲ ಅಂತ ಹೇಳಿದ್ರಿ. ಸುಳ್ಳು ಹೇಳೋ ಮನುಷ್ಯಾ ಅಲ್ಲ ನೀವು."
ಬಗ್ಗಿ ನನ್ನ ಕಿವಿಗೆ ಬಾಯಿ ಹಚ್ಚಿ, ಕಿವುಡಗ ಒದರಿದಂಗ ಒದರಿದ: "ನಾ ಬರೋತನಕ ಇಟ್ಕೋರಿ!" ಆಮ್ಯಾಲ ನಕ್ಕ. "ಈ ಸಲ ಕೇಳಿಸ್ತೇನ್ರಿ?"
ಕೇಳಿಸ್ತು ಅಂದೆ. "ದಸ್ತಗೀರ್, ನಿಲ್ಲು, ಆ ದಿನ ನೀ ಅಂದದ್ದು..." ಅಂತ ಬಾಯಿ ತಗದೆ, ಅಷ್ಟರಾಗ ಎದುರಿನ ಗಿರಣಿ ಚಾಲೂ ಆತು.