ಫಾಲೋ ಪಟ್ಟಿಯ ಉಸ್ತುವಾರಿ

ಭಾನುವಾರ, ೭ ಸೆಪ್ಟೆಂಬರ್

ಮೊಂಡಿಯ ಅಪ್ಪನವರಿಗೆ,

ನಾನು ಕ್ಷೇಮ. ನಿಮ್ಮ ಕ್ಷೇಮ ವಿಚಾರಿಸುವಷ್ಟು ದೊಡ್ಡ ಮನಸ್ಸು ನನಗಿನ್ನೂ ಬಂದಿಲ್ಲ, ಹಾಗಾಗಿ ಆ ಸಾಲನ್ನು ಬಿಟ್ಟು ಮುಂದಕ್ಕೆ ಹೋಗುತ್ತೇನೆ.

ನಿಮ್ಮ ಪತ್ರ ಬುಧವಾರ ಬಂತು. ಫೋನಿನಲ್ಲಿ ನಿಮ್ಮ ನಂಬರನ್ನು ನಾನು ಬ್ಲಾಕ್ ಮಾಡಿರುವುದರಿಂದ ಕಾಗದದ ದಾರಿ ಹಿಡಿದಿದ್ದೀರಿ. ಹದಿಮೂರು ವರ್ಷದ ಸಂಸಾರದಲ್ಲಿ ನೀವು ನನಗೆ ಬರೆದ ಮೊದಲ ಪತ್ರ, ಅದರಲ್ಲೂ ಮೂರು ಪುಟ ಬೈಗುಳ. ಮಗಳ ತಲೆ ಕೆಡಿಸಿದ್ದೇನಂತೆ, ಅವಳ ಕಿವಿಯಲ್ಲಿ ವಿಷ ಹೊಯ್ದಿದ್ದೇನಂತೆ. ಕೊನೆಯ ಅರ್ಧ ಪುಟದಲ್ಲಿ ಮಾತ್ರ ಸ್ವಲ್ಪ ಮೆತ್ತಗಾಗಿದ್ದೀರಿ: ನಾನೇನು ತಪ್ಪು ಮಾಡಿದೆ ಎಂದು ಅವಳಾದರೂ ಒಂದು ಮಾತು ಹೇಳಲಿ, ಅಷ್ಟು ಸಾಕು ಎಂದು. ನಿನ್ನೆ ನಿಮ್ಮ ಸರದಿಯ ಶನಿವಾರ. ನೀವು ಕೆಳಗೆ ಗೇಟಿನ ಹತ್ತಿರ ನಲವತ್ತು ನಿಮಿಷ ನಿಂತಿದ್ದನ್ನು ಅಡುಗೆಮನೆ ಕಿಟಕಿಯಿಂದ ನೋಡಿದೆ. ಅವಳು ಈ ಸಲವೂ ಇಳಿದು ಬರಲಿಲ್ಲ. ಸುಳ್ಳೇಕೆ ಹೇಳಲಿ, ಮೊದಲ ಇಪ್ಪತ್ತು ನಿಮಿಷ ಹೊಟ್ಟೆಗೆ ಹಾಲು ಹೊಯ್ದಷ್ಟು ತಂಪಾಯಿತು.

ನಿಮ್ಮ ವಿರುದ್ಧ ಅವಳಿಗೆ ನಾನು ಒಂದೇ ಒಂದು ಮಾತು ಆಡಿಲ್ಲ. ಆಡುವ ಅಗತ್ಯ ಬೀಳಲಿಲ್ಲ. ನಾನು ಮಾಡಿದ್ದು ಬೇರೆ. ಅದನ್ನು ಮೊದಲಿನಿಂದ ಹೇಳುತ್ತೇನೆ, ಪೂರ್ತಿ ಓದಿ. ಮಧ್ಯದಲ್ಲಿ ಎದ್ದು ಹೋಗುವ ನಿಮ್ಮ ಅಭ್ಯಾಸ ನನಗೆ ಗೊತ್ತು.

ಫೆಬ್ರವರಿಯಲ್ಲಿ ಕೋರ್ಟಿನ ಸಂಧಾನದ ಮೇಡಂ ಮುಂದೆ ನಾವಿಬ್ಬರೂ ಕುಳಿತಿದ್ದು ನೆನಪಿದೆಯೇ? ಮನೆ ಬಿಟ್ಟು ಹೋಗಲು ಕಾರಣವೇನೆಂದು ಅವರು ಕೇಳಿದರು. ನೀವು ಗಂಟಲು ಸರಿಮಾಡಿಕೊಂಡು ಹೇಳಿದಿರಿ: "ಮೇಡಂ, ಹದಿಮೂರು ವರ್ಷದಲ್ಲಿ ಇವಳು ಒಂದು ದಿನಾನೂ ನನ್ನ ಆಸಕ್ತಿಗಳ ಬಗ್ಗೆ ಆಸಕ್ತಿ ತೋರಿಸಲಿಲ್ಲ."

ಆಹಾ. ಬೆಳಗ್ಗೆ ಆರೂವರೆಗೆ ಲ್ಯಾಬಿಗೆ ಹೋಗಿ, ಸಾಲುಗಟ್ಟಿ ನಿಂತವರ ರಕ್ತ ತೆಗೆದು, ಒಂದೊಂದು ಟ್ಯೂಬಿಗೂ ಚೀಟಿ ಅಂಟಿಸಿ, ಮಧ್ಯಾಹ್ನ ಬಂದು ಒಲೆ ಹಚ್ಚುವವಳಿಗೆ ನಿಮ್ಮ ಯುದ್ಧದ ಟ್ಯಾಂಕುಗಳ ಮೇಲೆ ಆಸಕ್ತಿ ಇರಲಿಲ್ಲ, ನಿಜ. ಮೇಡಂ ನನ್ನ ಕಡೆ ತಿರುಗಿ, ಪಾಪ, ಸ್ವಲ್ಪ ಪ್ರಯತ್ನ ಮಾಡಬಹುದಿತ್ತಲ್ಲಮ್ಮ ಎಂದರು. ಆ ಮಾತು ಎದೆಗೆ ನಾಟಿತು. ಸರಿ, ಪ್ರಯತ್ನ ಮಾಡೋಣ ಎಂದು ಬಸ್ಸಿನಲ್ಲೇ ತೀರ್ಮಾನಿಸಿದೆ.

ನೀವು ಹೋಗುವಾಗ ಮಗಳ ಶಾಲೆಯ ಕೆಲಸಕ್ಕಿರಲಿ ಎಂದು ಹಳೆಯ ಲ್ಯಾಪ್‌ಟಾಪ್ ಬಿಟ್ಟು ಹೋದಿರಿ. ಅದರಲ್ಲಿ ಕಂಪ್ಯೂಟರ್ ಆಟ ಮಾರುವ ಆ ಆನ್‌ಲೈನ್ ಅಂಗಡಿಯ ನಿಮ್ಮ ಖಾತೆಯನ್ನು ಮುಚ್ಚಲೇ ಇಲ್ಲ. ತೆರೆದ ಬಾಗಿಲು ತೆರೆದಂತೆಯೇ ಇತ್ತು. ಒಳಗೆ ಹೋದರೆ 'ಫಾಲೋ ಮಾಡುತ್ತಿರುವ ಆಟಗಳು' ಎಂಬ ಒಂದು ಪುಟ. ನಲವತ್ತಮೂರು ಆಟ, ಒಂದರ ಕೆಳಗೊಂದು, ಪುಟ್ಟ ಪುಟ್ಟ ಚಿತ್ರಗಳು. ಇದರ ವಿದ್ಯೆ ನೀವೇ ಮಗಳಿಗೆ ಕಲಿಸಿದ್ದಿರಿ, ನಾನು ಬಟ್ಟೆ ಮಡಚುತ್ತಾ ಕೇಳಿಸಿಕೊಂಡಿದ್ದೆ: ಒಮ್ಮೆ ಫಾಲೋ ಒತ್ತಿಬಿಟ್ಟರೆ ಸಾಕು, ಆಟ ಬಂದಾಗ, ಬೆಲೆ ಇಳಿದಾಗ, ಏನಾದರೂ ಹೊಸತು ಸೇರಿದಾಗ ಅಂಗಡಿಯೇ ಸುದ್ದಿ ಕಳಿಸುತ್ತದೆ, ನಾವು ತಲೆ ಕೆಡಿಸಿಕೊಳ್ಳಬೇಕಿಲ್ಲ ಎಂದು. ನಿಮ್ಮ ಬದುಕೇ ಅದು. ಒತ್ತುವುದು, ಮರೆಯುವುದು. ನನ್ನ ಹುಟ್ಟುಹಬ್ಬವೂ ಫೋನು ಕಿರುಚಿದರೆ ಮಾತ್ರ ನೆನಪು. ಹಾಗಾದರೆ ಆ ಕಿರುಚಾಟ ನಿಲ್ಲಿಸಿದರೆ ನಿಮ್ಮ ತಲೆಯಲ್ಲಿ ಏನು ಉಳಿಯುತ್ತದೆ? ಅದನ್ನು ನೋಡಬೇಕು ಎನಿಸಿತು.

ಮಾರ್ಚಿನ ಮೊದಲ ಭಾನುವಾರ ಶುರುಮಾಡಿದೆ. ವಾರಕ್ಕೆ ಒಂದೇ ಆಟ. ಒಂದೇ ಸಲ ಗುಡಿಸಿಹಾಕಿದರೆ ನಿಮಗೂ ಅನುಮಾನ ಬಂದೀತು. ಹಾವೂ ಸಾಯಬೇಕು, ಕೋಲೂ ಮುರಿಯಬಾರದು. ಬೆಳಗ್ಗೆ ಹಾಲು ಒಲೆಯ ಮೇಲಿಟ್ಟು, ಪುಟ ತೆರೆದು, ಒಂದು ಚಿತ್ರದ ಪಕ್ಕದ ಗುಂಡಿ ಒತ್ತುವುದು. ಫಾಲೋ ಹೋಯಿತು. ಹಾಲು ಉಕ್ಕುವ ಮೊದಲೇ ಕೆಲಸ ಮುಗಿಯುತ್ತಿತ್ತು.

ಮೊದಲು ಹೋದದ್ದು ಟ್ಯಾಂಕು. ಎರಡು ವಾರದಲ್ಲೇ ಅದರ ಬೆಲೆ ಕಾಲು ಭಾಗಕ್ಕೆ ಇಳಿಯಿತು, ನಿಮಗೆ ಸುದ್ದಿ ಬರಲಿಲ್ಲ. ಅಪ್ಪ ಹಣೆ ಹಣೆ ಚಚ್ಚಿಕೊಂಡ ಎಂದು ಮೊಂಡಿ ಬಂದು ನಕ್ಕಳು. ನಾನೂ ನಕ್ಕೆ. ಆಮೇಲೆ ಖಾಲಿಯಾದ ಜಾಗ ತುಂಬಿಸುವ ಉತ್ಸಾಹ ಬಂತು. ಚರಂಡಿ ತೊಳೆಯುವ ಆಟ ಹುಡುಕಿ ಫಾಲೋ ಒತ್ತಿದೆ. ಹುಲ್ಲು ಕತ್ತರಿಸುವ ಆಟ, ಕುದುರೆಗೆ ಜಡೆ ಹೆಣೆಯುವ ಆಟ, ಮನೆ ಸಾಮಾನು ಲಾರಿಗೆ ಹೇರುವ ಆಟ. ಹೆಂಡತಿಯ ಮಾತಿಗೆ ಕಿವಿಗೊಡುವ ಆಟ ಹುಡುಕಿದೆ, ಯಾರೂ ಇನ್ನೂ ಮಾಡಿಲ್ಲ. ದಿನಕ್ಕೆ ಹತ್ತು ಸುದ್ದಿ ನಿಮಗೆ ಹೋಗತೊಡಗಿತು. ಆ ಅಂಗಡಿಗೆ ತಲೆ ಕೆಟ್ಟಿದೆ, ಚರಂಡಿ ಚರಂಡಿ ಎನ್ನುತ್ತದೆ ಎಂದು ನೀವು ಮಗಳ ಹತ್ತಿರ ಗೊಣಗಿದಿರಂತೆ. ಕನ್ನಡಕದ ಅಂಗಡಿಯಲ್ಲಿ ಕುಳಿತು ಊರವರ ಕಣ್ಣೆಲ್ಲ ಪರೀಕ್ಷೆ ಮಾಡುವ ನೀವು ಆರು ತಿಂಗಳಲ್ಲಿ ಒಮ್ಮೆಯೂ ಆ ಪುಟ ತೆರೆದು ನೋಡಲಿಲ್ಲ. ನೋಡಿದ್ದರೆ ಸಿಕ್ಕಿಬೀಳುತ್ತಿದ್ದೆ. ನಿಮ್ಮ ಸೋಮಾರಿತನ ನನ್ನನ್ನು ಕಾಪಾಡಿತು.

ಜುಲೈನಲ್ಲಿ ಒಂದು ಭಾನುವಾರ ಕೈ ತಪ್ಪಿ ದೋಣಿಯ ಆಟವೂ ಹೋಯಿತು.

ಯಾವ ದೋಣಿ ಎಂದು ಈಗ ನಿಮಗೆ ಹೊಳೆದಿರಬೇಕು. ಇಬ್ಬರು ಕೂಡಿಯೇ ಆಡಬೇಕಾದ ಆಟ. ಒಂದು ದೋಣಿ, ಎರಡು ಹುಟ್ಟು, ಒಬ್ಬೊಬ್ಬರಿಗೆ ಒಂದೊಂದು. ಒಬ್ಬರೇ ಹಾಕಿದರೆ ದೋಣಿ ಇದ್ದಲ್ಲೇ ಗಿರಗಿರ ತಿರುಗುತ್ತದೆ. ಯಾರೋ ಒಬ್ಬನೇ ಕುಳಿತು ವರ್ಷಗಟ್ಟಲೆ ಮಾಡುತ್ತಿದ್ದ, ಇವತ್ತು ನಾಳೆ ಎಂದು ಮುಂದೂಡುತ್ತಿದ್ದ. ಮಗಳಿಗೆ ಎಂಟು ವರ್ಷವಾಗಿದ್ದಾಗ ಅವಳ ಬೆರಳು ಹಿಡಿದೇ ನೀವು ಫಾಲೋ ಒತ್ತಿಸಿದ್ದಿರಿ. ಬಂದ ನಿಮಿಷಕ್ಕೆ ನನಗೆ ಸುದ್ದಿ ಬರುತ್ತದೆ, ನಾನೆಲ್ಲೇ ಇರಲಿ ಓಡಿ ಬರುತ್ತೇನೆ, ಮೊದಲ ಘಟ್ಟ ನಾವಿಬ್ಬರೇ ಎಂದು ಮಾತು ಕೊಟ್ಟಿರಿ. ಮನೆ ಬಿಟ್ಟು ಹೋಗುವ ದಿನವೂ ಪೆಟ್ಟಿಗೆ ಕೆಳಗಿಟ್ಟು ಅದನ್ನೇ ಮತ್ತೆ ಹೇಳಿದಿರಿ.

ಆಗಸ್ಟ್ ಹದಿನಾಲ್ಕು, ಗುರುವಾರ, ಮುನ್ಸೂಚನೆ ಇಲ್ಲದೆ ಆ ಆಟ ಬಂತು. ಶಾಲೆಯಲ್ಲಿ ಯಾರೋ ಹೇಳಿದರಂತೆ, ಮೊಂಡಿ ಚೀಲವನ್ನೂ ಇಳಿಸದೆ ಕುಣಿದಳು. ನನ್ನ ಹೆಸರಲ್ಲಿ ಬೇರೆ ಖಾತೆ ತೆರೆದು ಆಟ ಕೊಂಡುಕೊಟ್ಟೆ. ಅವಳು ಆಟ ಆಡುವ ಎರಡೂ ರಿಮೋಟು ಒರೆಸಿ, ಚಾರ್ಜಿಗೆ ಹಾಕಿ, ಸೋಫಾದ ಮೇಲೆ ಪಕ್ಕಪಕ್ಕ ಇಟ್ಟಳು. ಅಪ್ಪನಿಗೆ ಫೋನ್ ಮಾಡು ಎಂದು ನಾನು ಹೇಳಬಹುದಿತ್ತು. ಹೇಳಲಿಲ್ಲ. ಅಪ್ಪನಿಗೆ ಸುದ್ದಿ ಹೋಗಿರುತ್ತದೆ, ಕಾಯಿ ಎಂದೆ. ಗುರುವಾರ ಕಾದಳು, ಶುಕ್ರವಾರ ಕಾದಳು, ಶನಿವಾರ ಸ್ನಾನ ಮಾಡಿ ತಲೆ ಬಾಚಿಕೊಂಡು ಕಾದಳು. ತಾನಾಗಿ ಕೇಳುವ ಜಾತಿ ಅಲ್ಲ, ಆ ಹೆಸರಿಟ್ಟವರು ನೀವೇ. ಜ್ಞಾಪಿಸಿದ ಮೇಲೆ ಬಂದರೆ ಅದು ಬಂದ ಹಾಗಲ್ಲ ಎಂದು ನನಗೆ ಪಾಠ ಹೇಳಿದಳು. ಮುಂದಿನ ಶನಿವಾರ ನೀವು ಬಂದಿರಿ, ಕೆಳಗಿನಿಂದ ಹಾರ್ನ್ ಹೊಡೆದಿರಿ, ಹೊಸ ಶೂ ಕೊಡಿಸುತ್ತೇನೆ ಬಾ ಎಂದು ಕೂಗಿದಿರಿ. ದೋಣಿಯ ಸುದ್ದಿಯೇ ಇಲ್ಲ. ಅವಳು ಬಾಲ್ಕನಿಯಿಂದ ಹೊಟ್ಟೆನೋವು ಎಂದು ಹೇಳಿ ಒಳಗೆ ಬಂದಳು. ನಿಮ್ಮ ತಪ್ಪು ಇದು. ಹದಿನೈದು ದಿನಕ್ಕೊಮ್ಮೆ ಮಗಳ ಮುಖ ನೋಡುವವರಿಗೆ, ನಮ್ಮ ದೋಣಿ ಏನಾಯಿತೋ ಎಂದು ಕೇಳಲು ಅಂಗಡಿಯವನು ಸುದ್ದಿ ಕಳಿಸಬೇಕಿತ್ತೇ?

ಮಾರನೆಯ ದಿನ ಲ್ಯಾಬಿನ ಹೆಚ್ಚಿನ ಪಾಳಿ ಮುಗಿಸಿ ಬಂದೆ. ಮೊಂಡಿ ಸೋಫಾದಲ್ಲಿ ಕುಳಿತು ದೋಣಿ ಆಡುತ್ತಿದ್ದಳು. ಎಡಗೈಯಲ್ಲಿ ಒಂದು ರಿಮೋಟು, ಇನ್ನೊಂದನ್ನು ತೊಡೆಯ ಮೇಲಿಟ್ಟು ಬಲಗೈಯಲ್ಲಿ ಒತ್ತುತ್ತಿದ್ದಳು. ದೋಣಿ ಬಂಡೆಗೆ ಬಡಿಯುತ್ತಿತ್ತು, ತಿರುಗುತ್ತಿತ್ತು. ಪಕ್ಕದಲ್ಲಿ ಕುಳಿತು, ಕೊಡು, ನಾನು ಹಾಕುತ್ತೇನೆ ಎಂದೆ. ಪರದೆಯಿಂದ ಕಣ್ಣು ತೆಗೆಯದೆ ಹೇಳಿದಳು: "ಬೇಡಮ್ಮ. ಆ ಕಡೆ ಹುಟ್ಟು ಅಪ್ಪಂದು."

ಸಂಜೆ ಆಟವನ್ನೇ ಅಳಿಸಿಹಾಕಿದಳು. ಅಂದಿನಿಂದ ನಿಮ್ಮ ಹೆಸರು ಎತ್ತಿಲ್ಲ, ಊಟ ಅರ್ಧಕ್ಕೇ ಬಿಡುತ್ತಾಳೆ. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎಂದು ನಮ್ಮ ಅಜ್ಜಿ ಹೇಳುತ್ತಿದ್ದಾಗ ನಾನು ಮೂಗು ಮುರಿಯುತ್ತಿದ್ದೆ.

ಈಗ ಇನ್ನೊಂದು. ಕೈ ತಪ್ಪಿತು ಎಂದು ಮೇಲೆ ಬರೆದೆನಲ್ಲ, ಸುಳ್ಳು. ನನ್ನ ಕೈ ತಪ್ಪುವುದಿಲ್ಲ, ನೀವೇ ಬಲ್ಲಿರಿ. ನಿಮ್ಮ ಮನೆಯಿಂದ ವಾಪಸಾದ ಪ್ರತಿ ಭಾನುವಾರ ಅವಳು ದೋಣಿ ದೋಣಿ ಎಂದು ಬಡಬಡಿಸುತ್ತಿದ್ದಳು. ಆ ನಲವತ್ತಮೂರರಲ್ಲಿ ನೀವು ಇನ್ನೊಬ್ಬರ ಜೊತೆ ಸೇರಿ ಕಾಯುತ್ತಿದ್ದದ್ದು ಅದೊಂದೇ, ಮತ್ತು ಆ ಇನ್ನೊಬ್ಬರು ನಾನಲ್ಲ. ಹೊಟ್ಟೆ ಉರಿಯಿತು. ಚೆನ್ನಾಗಿ ನೋಡಿ, ಚಿತ್ರ ಗುರುತಿಸಿ, ಒತ್ತಿದೆ. ಒಬ್ಬರ ರಕ್ತಕ್ಕೆ ಇನ್ನೊಬ್ಬರ ಚೀಟಿ ಅಂಟಿಸಿದರೆ ನಮ್ಮ ಲ್ಯಾಬಿನಲ್ಲಿ ಅವತ್ತೇ ಕೆಲಸದಿಂದ ತೆಗೆಯುತ್ತಾರೆ. ನಾನು ನನ್ನ ತಪ್ಪಿಗೆ ನಿಮ್ಮ ಚೀಟಿ ಅಂಟಿಸಿ ಮಗಳ ಕೈಗೆ ಕೊಟ್ಟೆ.

ಈ ತಿಂಗಳ ಇಪ್ಪತ್ತೆರಡಕ್ಕೆ ಸಂಧಾನದ ಮೇಡಂ ಅವಳನ್ನು ಒಬ್ಬಳನ್ನೇ ಕೂರಿಸಿ, ಅಪ್ಪನ ಮನೆಗೆ ಹೋಗಲು ಇಷ್ಟವೋ ಇಲ್ಲವೋ ಎಂದು ಕೇಳುತ್ತಾರೆ. ಈಗಿನ ಸ್ಥಿತಿಯಲ್ಲಿ ಇಲ್ಲ ಎನ್ನುತ್ತಾಳೆ. ಅಲ್ಲಿಗೆ ನಿಮ್ಮ ಶನಿವಾರಗಳು ಮುಗಿದವು. ನಾನು ಬಾಯಿ ಮುಚ್ಚಿಕೊಂಡು ಇನ್ನು ಹದಿನೈದು ದಿನ ಕುಳಿತರೆ ಸಾಕು, ಪೂರ್ತಿ ಗೆಲುವು ನನ್ನದು. ಎಂಥ ಆಸೆ ಗೊತ್ತೇ ಅದು? ನಿನ್ನೆ ನೀವು ಗೇಟಿನ ಹತ್ತಿರ ನಿಂತ ಮೊದಲ ಇಪ್ಪತ್ತು ನಿಮಿಷ ಅದನ್ನೇ ಸವಿಯುತ್ತಿದ್ದೆ. ಆಮೇಲೆ ನೋಡಿದರೆ, ಅವಳು ತನ್ನ ಕೋಣೆಯ ಪರದೆಯ ಸಂದಿಯಿಂದ ನಿಮ್ಮನ್ನೇ ನೋಡುತ್ತಿದ್ದಳು. ನೀವು ಹೊರಟು ತಿರುವು ದಾಟುವ ತನಕ ಅಲ್ಲೇ ನಿಂತಿದ್ದಳು.

ಅದಕ್ಕೇ ಈ ಪತ್ರ. ಕ್ಷಮೆ ಕೇಳಲು ಅಲ್ಲ, ಹಾಗೆ ತಿಳಿದು ಉಬ್ಬಬೇಡಿ. ಮೇಡಂಗೆ ಬೇಕಾದರೂ ತೋರಿಸಿ, ನಿಮ್ಮ ವಕೀಲರಿಗೆ ಬೇಕಾದರೂ ಕೊಡಿ. ಉಪ್ಪು ತಿಂದವಳು ನೀರು ಕುಡಿಯುತ್ತೇನೆ. ಟ್ಯಾಂಕಿನ ವಿಷಯದಲ್ಲಿ ನನಗೆ ಎಳ್ಳಷ್ಟೂ ಪಶ್ಚಾತ್ತಾಪವಿಲ್ಲ. ಚರಂಡಿಯ ವಿಷಯದಲ್ಲಂತೂ ಇಲ್ಲವೇ ಇಲ್ಲ.

ಇನ್ನೂ ಸಿಟ್ಟಿನಲ್ಲೇ ಇರುವ,
ಮೊಂಡಿಯ ಅಮ್ಮ

ವಿ. ಸೂ. (ಗುರುವಾರ): ಭಾನುವಾರವೇ ಅಂಚೆಗೆ ಹಾಕಬೇಕೆಂದಿದ್ದೆ. ಆದರೆ ಇದನ್ನು ಇನ್ನೊಬ್ಬರ ಬಾಯಿಂದ ಕೇಳುವ ಮೊದಲು ಅವಳು ನನ್ನಿಂದಲೇ ತಿಳಿಯಲಿ ಎಂದು ಅವತ್ತೇ ಪತ್ರವನ್ನು ಮೊಂಡಿಯ ಕೈಗೆ ಕೊಟ್ಟೆ. ಊಟದ ಮೇಜಿನಲ್ಲಿ ಕುಳಿತು ಎರಡು ಸಲ ಓದಿದಳು. ಅಳಲಿಲ್ಲ. ಲ್ಯಾಪ್‌ಟಾಪ್ ತಂದು ನಿಮ್ಮ ಪಟ್ಟಿ ತೆರೆದು, ನಾನು ಉಳಿಸಿದ್ದು, ನಾನು ತುಂಬಿದ್ದು, ಎಲ್ಲವನ್ನೂ ಒಂದೊಂದಾಗಿ ತೆಗೆದಳು. ಒಂದೂ ಉಳಿದಿಲ್ಲ. ಆಮೇಲೆ ನಿಮ್ಮ ಖಾತೆಯಿಂದ ಲಾಗ್ ಔಟ್ ಮಾಡಿ, ನಿಮಗೆ ಬರೆಯಬೇಕೆಂದು ಒಂದು ಮಾತು ಹೇಳಿದಳು. ಅವಳು ಅಂದ ಹಾಗೇ ಬರೆಯುತ್ತಿದ್ದೇನೆ: "ಅಪ್ಪಂಗೆ ಇನ್ಮೇಲೆ ಯಾವ ಸುದ್ದಿನೂ ತಾನಾಗೇ ಬರಲ್ಲ. ಏನಾದ್ರೂ ತಿಳ್ಕೋಬೇಕಿದ್ರೆ ಬಂದು ನನ್ನನ್ನೇ ಕೇಳ್ಲಿ." ಇಪ್ಪತ್ತನೆಯ ತಾರೀಕು ನಿಮ್ಮ ಶನಿವಾರ. ಹಾರ್ನ್ ಹೊಡೆಯಬೇಡಿ, ಮೇಲೆ ಬನ್ನಿ. ಲಕೋಟೆಯ ಮೇಲಿನ ವಿಳಾಸ ಅವಳದೇ ಅಕ್ಷರ. ನಿಮಗೆ ಬರೆಯಿಸಿದ ಆ ಮಾತೇ ನನ್ನ ಜೊತೆ ಅವಳು ಆಡಿದ ಕೊನೆಯ ಮಾತು. ಇವತ್ತಿಗೆ ನಾಲ್ಕು ದಿನ.