ಚಿಲುಮೆಯ ಪರ ಮಾತಾಡಲು ಮಾವ ಬೇಕು

ಪ್ರೀತಿಯ ಸೋದರಮಾವನಿಗೆ,

ನಮ್ಮ ಕುಲದ ಊರನ್ನು ಈಗ ಮೊದಲ ಸಲ ಕಂಡೆ. ಇಲ್ಲಿನ ಚಿಲುಮೆಯನ್ನು ಸುಣ್ಣಕಲ್ಲಿನ ಗಣಿಗೆ ಬಿಡಬೇಕೇ ಎಂದು ಶನಿವಾರದ ಊರ ಸಭೆ ತೀರ್ಮಾನಿಸಲಿದೆ. ನೀರು ಹೊರುವ ಹೆಂಗಸರು, ತಮ್ಮ ಪರವಾಗಿ ಮಾತಾಡೆಂದು ನನ್ನನ್ನು ಕೇಳಿದರು. ಮುಖಂಡ ದ್ರಿಶೋನ್ ಎಲೆ-ಅಡಿಕೆ ಕೊಟ್ಟು, ಮಾನವ ಹಕ್ಕುಗಳ ಬಗೆಗಿನ ನನ್ನ ಪುಸ್ತಕವನ್ನೇ ತೆರೆದ.

“ಬುಡಕಟ್ಟಿನ ಕಟ್ಟಳೆಗೆ ಕೈಹಾಕಬಾರದು ಅಂತ ನೀನೇ ಬರೆದಿದ್ದೀಯಲ್ಲ ತಂಗಿ. ಸಭೇಲಿ ಹೆಂಗಸರು ಬಾಯಿ ಬಿಡಬಾರದು ಅನ್ನೋದೂ ಕಟ್ಟಳೆನೇ. ಬೇಕಿದ್ರೆ ನಿಮ್ಮ ಮಾವನ್ನ ಕರೆಸು, ಅವ್ರು ಮಾತಾಡ್ಲಿ” ಎಂದು ನಕ್ಕ.

ಆಗಿನಿಂದ ಕೂತಲ್ಲಿ ಕೂರಲಾಗುತ್ತಿಲ್ಲ. ಕೆಮ್ಮು ಮಾತ್ರ ಇಳಿದಿದೆ. ಶಿಲ್ಲಾಂಗಿನಿಂದ ಶುಕ್ರವಾರದ ಸುಮೋ ಜೀಪು ಹಿಡಿದು ಬನ್ನಿ. ಇಳಿಜಾರು ಕಡಿದಾಗಿದೆ, ಮಂಡಿನೋವಿನ ಎಣ್ಣೆ ಮರೆಯಬೇಡಿ. ಪುಸ್ತಕದ ಆ ಪುಟವನ್ನು ನಾನು ನಿಧಾನವಾಗಿ ತಿದ್ದಿ ಬರೆದೇನು. ಚಿಲುಮೆಗೆ ಅಷ್ಟು ಪುರುಸೊತ್ತಿಲ್ಲ.

ಇಬಾಶಿಶಾ